ಕರ್ತೃ ಎಲ್ಲಿ?

ಗುರುವಾರ, ಮಧ್ಯಾಹ್ನ

ನನ್ನ ವ್ಯಾಕರಣದ ಪೊಲೀಸಮ್ಮನಿಗೆ ಮಗಳ ಸಲಾಮು.

ಅಮ್ಮಾ, ನಿನ್ನೆ ನಿನ್ನ ಮಗಳು ಒಬ್ಬ ಮಂತ್ರಿಯ ಬಾಯಿಂದ ಕರ್ತೃವನ್ನು ಹೊರಡಿಸಿದಳು! ಕೂತು ಓದು, ನಿಂತರೆ ಕುಣಿದುಬಿಡುತ್ತೀ.

ನನ್ನ ಸಂದರ್ಶನಗಳನ್ನು ನೀನು ಟಿವಿಯ ದನಿ ಪೂರಾ ತಗ್ಗಿಸಿ ನೋಡುತ್ತೀ ಎಂದು ಅಪ್ಪ ಚಾಡಿ ಹೇಳಿದ್ದಾರೆ. ತಪ್ಪೇನಿಲ್ಲ. ನಾನು ಮೇಜು ಗುದ್ದುವುದು, ಎದುರು ಕೂತ ಅತಿಥಿಗಳು ಬೆರಳು ಆಡಿಸುವುದು, ಅರ್ಧ ಗಂಟೆ ಮುಗಿಯುವುದು. ಆ ಗದ್ದಲದಲ್ಲಿ ಉತ್ತರ ಬಂತೋ ಇಲ್ಲವೋ ಯಾರಿಗೂ ತಿಳಿಯುವುದಿಲ್ಲ. ನಿನ್ನೆ ಮೈಕು ಸಿಕ್ಕಿಸುವಾಗ ಲೋಕೋಪಯೋಗಿ ಮಂತ್ರಿಗಳೇ ನಕ್ಕು, "ಇವತ್ತೂ ಚೆನ್ನಾಗಿ ಕೂಗಾಡಮ್ಮ, ನನಗೂ ಸ್ವಲ್ಪ ವಿಶ್ರಾಂತಿ" ಎಂದರು.

ಕೂಗಾಟ ಕಡಿಮೆಯಾದರೆ ನೋಡುಗರು ಕಡಿಮೆ, ನೋಡುಗರು ಕಡಿಮೆಯಾದರೆ ಕಾರ್ಯಕ್ರಮ ಬಂದ್ ಎಂದು ಸಂಪಾದಕರು ಮೊದಲೇ ಎಚ್ಚರಿಸಿದ್ದರು. ಆದರೂ ನಾನು ಕೂಗಲಿಲ್ಲ.

ಹೊಸ ಪಾದಚಾರಿ ಸೇತುವೆಯ ಕಂಬಿ ಕಿತ್ತುಬಂದು ಹನ್ನೊಂದು ಜನ ಕೈಕಾಲು ಮುರಿದುಕೊಂಡರಲ್ಲ, ಅದೇ ವಿಷಯ. ಜನರ ಅನುಕೂಲಕ್ಕಾಗಿ, ಪರೀಕ್ಷಾ ವರದಿಗೆ ಮುನ್ನವೇ ಸೇತುವೆ ತೆರೆಯಲಾಯಿತು, ತನಿಖೆ ನಡೆಸಲಾಗುವುದು ಎಂದರು ಮಂತ್ರಿಗಳು. ಲಾಯಿತು, ಲಾಗುವುದು: ಕೆಲಸ ಇದೆ, ಮಾಡಿದವರಿಲ್ಲ. ಚಿಕ್ಕವಳಿದ್ದಾಗ "ಲೋಟ ಬೀಳಿಸಲ್ಪಟ್ಟಿತು" ಎಂದು ನಾನು ನುಣುಚಿಕೊಳ್ಳಲು ನೋಡಿದರೆ, ಕರ್ತೃ ಎಲ್ಲಿ ಎಂದು ಕೇಳಿ ನೀನು ಅಡುಗೆಮನೆ ಬಾಗಿಲಿಗೆ ಅಡ್ಡ ನಿಲ್ಲುತ್ತಿದ್ದೆಯಲ್ಲ, ಹಾಗೆ ನಾನೂ ಮೆತ್ತಗೆ ನಿಂತೆ.

"ಯಾರು ತೆರೆದರು ಸರ್?"

ಇಲಾಖೆ ಎಂದರು. ಇಲಾಖೆಯಲ್ಲಿ ಯಾರು ಎಂದೆ. ಸಂಬಂಧಪಟ್ಟವರು ಎಂದರು. ಅವರಿಗೆ ಹೇಳಿದ್ದು ಯಾರು ಎಂದೆ. ಮೇಲಿನಿಂದ ಸೂಚನೆ ಬಂತು ಎಂದರು. ಇಲಾಖೆಗೆ ಮೇಲೆ ಇರೋರು ನೀವೇ ಅಲ್ವಾ ಸರ್ ಎಂದೆ. ಮಂತ್ರಿಗಳು ನೀರಿನ ಬಾಟಲಿ ಖಾಲಿ ಮಾಡಿ, ಖಾಲಿಯಾದ ಮೇಲೂ ಒಂದು ಗುಟುಕು ಕುಡಿದರು. ಮೇಕಪ್ಪಿನ ಅಕ್ಕ ಬ್ರಷ್ಷು ಹಿಡಿದೇ ಓಡಿಬಂದು ಸ್ಟುಡಿಯೋದ ಗಾಜಿಗೆ ಮೂಗು ಒತ್ತಿದ್ದರು.

"ನಾನೇ ಕಣಮ್ಮ ತೆರೀರಿ ಅಂದಿದ್ದು. ವರದಿಗೆ ಕಾಯಲಿಲ್ಲ."

ಈ ಬೆಳಿಗ್ಗೆ ಅವರದೇ ಸಹಿಯ ಆದೇಶ ಬಂದಿದೆ: ಹೀಗೇ ತೆರೆದ ಉಳಿದ ನಾಲ್ಕು ಸೇತುವೆಗಳನ್ನು ವರದಿ ಬರುವವರೆಗೆ ಮುಚ್ಚುತ್ತೇನೆ. ಗಮನಿಸು ಅಮ್ಮಾ, ಮುಚ್ಚಲಾಗುವುದು ಅಲ್ಲ, ಮುಚ್ಚುತ್ತೇನೆ.

ಇಂತಿ,
ತಡವಾಗಿಯಾದರೂ ಪಾಸಾದ ನಿನ್ನ ಮಗಳು

ತಾ.ಕ.: ನನ್ನ ಕೆಲಸದ ಸಂಗತಿ ಬೇಕೆಂದೇ ಬರೆದಿರಲಿಲ್ಲ. ನೋಡುಗರು ಅರ್ಧಕ್ಕೆ ಇಳಿದರಂತೆ. "ಕಾರ್ಯಕ್ರಮವನ್ನು ನಿಲ್ಲಿಸಲಾಗಿದೆ" ಎಂಬ ಚೀಟಿ ಮೇಜಿನ ಮೇಲೆ ಬಂದು ಕೂತಿದೆ, ಸಹಿ ಇಲ್ಲ. ಚಾನೆಲ್ಲಿನ ದೊಡ್ಡವರು ಕೂರುವ ಮೇಲಿನ ಮಹಡಿಗೆ ಹೊರಟಿದ್ದೇನೆ. ಅಲ್ಲಿರುವುದು ನಾಲ್ಕೇ ಕೋಣೆ.