ನಕ್ಷೆಯಲ್ಲಿದ್ದು ನೆಲದ ಮೇಲಿಲ್ಲದ ಓಣಿ

...ಎಲ್ಲರೂ ಓದಿ ಮೆಚ್ಚಿದ ಪುಸ್ತಕದಿಂದ ಒಂದು ಪದ ಎತ್ತಿಕೊಂಡರೆ ಯಾರಿಗೇನು ನಷ್ಟ ಎಂದು ಕೇಳಿದಿರೋ, ಯಾರಿಗೂ ನಷ್ಟವಿಲ್ಲವಲ್ಲ ಎಂದು ಹೇಳಿಯೇಬಿಟ್ಟಿರೋ, ಈಗ ಸರಿಯಾಗಿ ನೆನಪಿಲ್ಲ. ಕಾಲುವೆಯ ಸೇತುವೆಗೆ ಗೇಟು ಹಾಕಿಸಿ, ರಿಬ್ಬನ್ ಕತ್ತರಿಸಿ, ಮೈಕಿನ ಮುಂದೆ ನಿಂತು ನೀವು ಆಡಿದ ಮಾತು ಅದು. ಜನ ನಕ್ಕರು. ನಾನೂ ಆ ಗುಂಪಿನಲ್ಲಿದ್ದೆ. ನಕ್ಕೆನೋ ಇಲ್ಲವೋ ಎಂಬುದು ಮಾತ್ರ ಚೆನ್ನಾಗಿ ನೆನಪಿದೆ, ಆದ್ದರಿಂದ ಅದನ್ನು ಇಲ್ಲಿ ಬರೆಯುವುದಿಲ್ಲ.

ಮಾನ್ಯ ನಗರಸಭೆಯ ಅಧ್ಯಕ್ಷರೇ, ನಷ್ಟವಾಗಿದೆ. ನನ್ನ ಭಾವ ಆ ಗೇಟಿನ ಮುಂದೆ ಆಟೋದಲ್ಲಿ ಕೂತಲ್ಲೇ ತೀರಿಕೊಂಡರು. ಈಗ ಕಾಲುವೆಯಾಚೆ ಇರುವ ನನ್ನ ಅಕ್ಕನ ಮನೆಯನ್ನು ಈ ತಿಂಗಳ ಕೊನೆಗೆ ಕೆಡವುವುದಾಗಿ ನಿಮ್ಮ ಕಚೇರಿಯಿಂದ ನೋಟೀಸು ಬಂದಿದೆ. ಆ ಮನೆ ಒಂದು ಸಾರ್ವಜನಿಕ ಓಣಿಯನ್ನು ನುಂಗಿದೆಯಂತೆ. ಆ ಓಣಿ ಇಲ್ಲ. ಯಾವತ್ತೂ ಇರಲಿಲ್ಲ. ಇದನ್ನು ಇಷ್ಟು ಖಚಿತವಾಗಿ ಹೇಳಬಲ್ಲವನು ಈ ಊರಿನಲ್ಲಿ ನಾನೊಬ್ಬನೇ, ಏಕೆಂದರೆ ಅದನ್ನು ಬರೆದವನು ನಾನು.

ಇಪ್ಪತ್ತೆರಡು ವರ್ಷಗಳಿಂದ ಭೂಮಾಪನ ಕಚೇರಿಯಲ್ಲಿ ನಕ್ಷೆ ಬರೆಯುತ್ತಿದ್ದೇನೆ. ನಮ್ಮ ಕಸುಬಿನಲ್ಲಿ ಒಂದು ರೂಢಿಯಿದೆ, ಅದು ಯಾವ ಕೈಪಿಡಿಯಲ್ಲೂ ಸಿಗುವುದಿಲ್ಲ. ಪ್ರತಿಯೊಬ್ಬ ನಕ್ಷೆಗಾರನೂ ತನ್ನ ಹಾಳೆಯಲ್ಲಿ ಎಲ್ಲಾದರೂ ಒಂದು ಸುಳ್ಳನ್ನು ಸೇರಿಸುತ್ತಾನೆ: ಇಲ್ಲದ ತಿರುವು, ಇಲ್ಲದ ಬಾವಿ, ಎಲ್ಲಿಗೂ ಹೋಗದ ಓಣಿ. ಹೊರಗಿನವರು ನಮ್ಮ ನಕ್ಷೆಯನ್ನು ಕದ್ದು ಅಚ್ಚು ಹಾಕಿದರೆ ಆ ಸುಳ್ಳೇ ಅವರನ್ನು ಹಿಡಿದುಕೊಡುತ್ತದೆ. ನನಗೆ ಕೆಲಸ ಕಲಿಸಿದ ಹಿರಿಯರು ಈಗಿಲ್ಲ. ಅವರು ಹೇಳುತ್ತಿದ್ದರು: "ನಿಜಾನ ಯಾರು ಬೇಕಾದ್ರೂ ಅಳೀಬಹುದು ಕಣಯ್ಯ. ಸುಳ್ಳು ಮಾತ್ರ ನಿನ್ನ ಸ್ವಂತದ್ದು." ಕಾಲುವೆಯಾಚೆಯ ಹಾಳೆ ನನ್ನ ಪಾಲಿಗೆ ಬಂದಾಗ ಅಕ್ಕ ಮದುವೆಯಾಗಿ ಆ ಬಡಾವಣೆಗೆ ಹೋಗಿ ಎರಡು ತಿಂಗಳಾಗಿತ್ತು. ಅವಳ ಮನೆಯ ಪಕ್ಕಕ್ಕೇ ಒಂದು ಓಣಿ ಎಳೆದೆ. ಹಾಳೆಯ ಮೇಲೆ ಉಗುರಿನಷ್ಟುದ್ದ, ಎರಡು ಸಮಾನಾಂತರ ಗೆರೆ. ಅದು ತಮಾಷೆಯೋ ಪ್ರೀತಿಯೋ, ಆಗಲೂ ತಿಳಿದಿರಲಿಲ್ಲ.

ಭಾವನಿಗೊಬ್ಬರಿಗೆ ಮಾತ್ರ ತೋರಿಸಿದ್ದೆ. ಅವರು ಸಿಟಿ ಬಸ್ಸಿನ ಡ್ರೈವರ್. ಹಾಳೆಯನ್ನು ಬೆಳಕಿಗೆ ಹಿಡಿದು ನೋಡಿ ಹೊಟ್ಟೆ ಹಿಡಿದುಕೊಂಡು ನಕ್ಕರು. "ಭಲೇ ಭಾವಮೈದ! ನಮ್ಮದು ಈಗ ಮೂಲೆ ಮನೆ ಆಯ್ತು. ನಿಮ್ಮ ಅಕ್ಕನಿಗೆ ಹೇಳ್ಬೇಡಿ, ಆ ಕಡೆಗೂ ಒಂದು ಕಿಟಕಿ ಇಡಿಸಿ ಅಂತ ಪ್ರಾಣ ತಿಂತಾಳೆ."

ಹನ್ನೊಂದು ವರ್ಷದ ಹಿಂದೆ ಅಂಚೆ ಕಚೇರಿಯ ಗುಮಾಸ್ತೆಯೊಬ್ಬರು ನನ್ನ ಮೇಜಿನ ಮುಂದೆ ಬಂದು ಕೂತರು. "ಒಂದು ಕಥೆ ಬರೆದಿದೀನಿ. ಅದರಲ್ಲೊಂದು ಊರಿದೆ. ನನಗೆ ಊರು ಗೊತ್ತು, ದಾರಿ ಗೊತ್ತಿಲ್ಲ," ಎಂದರು. ಪುಸ್ತಕದ ಮೊದಲ ಪುಟಕ್ಕೆ ನಕ್ಷೆ ಬೇಕು, ಪ್ರೆಸ್ಸಿನವರು ಒಂದೇ ವಾರ ಕೊಟ್ಟಿದ್ದಾರೆ. ಇಲ್ಲದ ಊರನ್ನು ಕಲ್ಪಿಸುವ ಶಕ್ತಿ ನನಗಿಲ್ಲ. ಸಂಜೆ ಎಲ್ಲರೂ ಎದ್ದುಹೋದ ಮೇಲೆ, ಕೆಳಗಿನಿಂದ ದೀಪ ಉರಿಯುವ ನಮ್ಮ ಗಾಜಿನ ಮೇಜಿನ ಮೇಲೆ ನಮ್ಮೂರಿನ ಹಾಳೆಯನ್ನೇ ಮಗುಚಿ ಹಾಕಿ, ಹಿಂಬದಿಯಿಂದ ತಿದ್ದಿಕೊಂಡೆ. ಎಡ ಬಲವಾಯಿತು. ಕಾಲುವೆ ನದಿಯಾಯಿತು, ನೀರಿನ ಟ್ಯಾಂಕು ಪರ್ವತವಾಯಿತು, ಬಸ್ ನಿಲ್ದಾಣ ಅರಮನೆಯಾಯಿತು. ಕಾಲುವೆಯಾಚೆಯ ಬಡಾವಣೆ ಒಂದು ಕಾಲದಲ್ಲಿ ಜೌಗು, ಹಾಳೆಯಲ್ಲಿ ಇನ್ನೂ ಜೌಗಿನ ಗುರುತಾದ ಹುಲ್ಲಿನ ಗೀರುಗಳಿದ್ದವು. ಅವನ್ನು ಬೇರೇನಾದರೂ ಮಾಡಲು ಬೇಜಾರಾಗಿ ಹಾಗೇ ಬಿಟ್ಟೆ. ಮರುದಿನ ಲೇಖಕಿ ಅಲ್ಲಿ ಬೆರಳಿಟ್ಟು, "ಅಯ್ಯೋ, ಚೆನ್ನಾಗಿದೆ. ಮಸಿಯವರು ಇಲ್ಲೇ ಇರಲಿ," ಎಂದರು. ಓಣಿಯನ್ನೂ ಕೈ ತಾನಾಗಿಯೇ ಎಳೆದುಬಿಟ್ಟಿತ್ತು.

ಮುಂದಿನದು ನಿಮಗೆ ಬಾಯಿಪಾಠ. ದೀಪಗಳ ನಗರ, ನದಿಯಾಚೆಯ ಜೌಗಿನಲ್ಲಿ ಬೆಳಕು ಕದಿಯುವ ಮಸಿಯವರು, ಸೇತುವೆ ಕಾಯುವ ದೀಪಪಾಲರು. ಊರಿಗೆ ಊರೇ ಓದಿತು. ಧಾರಾವಾಹಿಯಾಯಿತು, ಮುಖವಾಡವಾಯಿತು, ಚೀಲದ ಮೇಲಿನ ಚಿತ್ರವಾಯಿತು. ನಕ್ಷೆಯ ಕೆಳಗೆ ನನ್ನ ಹೆಸರಿರಲಿಲ್ಲ, ಆದರೂ ನನಗೆ ಒಳಗೊಳಗೇ ಹೆಮ್ಮೆ. ಪುಸ್ತಕ ಬಂದ ವಾರವೇ ಭಾವ ಮೊದಲ ಪುಟ ತೆರೆದು, "ಇದು ನಮ್ಮೂರೇ ಅಲ್ವಾ? ಬಸ್ಸಿನ ಕನ್ನಡೀಲಿ ನಾನು ದಿನಾ ಊರನ್ನ ಹೀಗೇ ನೋಡೋದು," ಎಂದಿದ್ದರು. ಉಳಿದವರಿಗೆ ಅದು ಕಾಣಲು ನಾಲ್ಕು ವರ್ಷ ಹಿಡಿಯಿತು. ಯಾವನೋ ಅಭಿಮಾನಿ ಆ ಪುಟವನ್ನು ಕನ್ನಡಿಗೆ ಹಿಡಿದು, ಪಕ್ಕದಲ್ಲಿ ನಮ್ಮ ಕಚೇರಿಯ ಹಾಳೆಯಿಟ್ಟು ಫೋಟೋ ತೆಗೆದ. ವಾರದೊಳಗೆ ಎಲ್ಲರ ಫೋನಿನಲ್ಲೂ ಅದೇ. ಎಲ್ಲಕ್ಕಿಂತ ಈಚೆ ದಡದ ಓದುಗರನ್ನು ಕೆರಳಿಸಿದ್ದು ನನ್ನ ಓಣಿ. ಎರಡೂ ನಕ್ಷೆಯಲ್ಲಿದೆ, ನೆಲದ ಮೇಲಿಲ್ಲ. ಹಾಗಾದರೆ ಆಚೆಯವರು ಅದನ್ನು ಬಚ್ಚಿಟ್ಟಿದ್ದಾರೆ.

ಒಂದು ಕಥೆ ಜನರನ್ನು ಕೆಡಿಸುತ್ತದೆ ಎಂದು ನಾನು ನಂಬುವುದಿಲ್ಲ. ಹಾರುವ ಹಡಗಿನ ಕಥೆ ಓದಿದವರು ಮಹಡಿಯಿಂದ ಹಾರುವುದಿಲ್ಲ, ಪುಸ್ತಕ ಮುಚ್ಚಿಟ್ಟು ಮೆಟ್ಟಿಲಿಳಿದೇ ಬರುತ್ತಾರೆ. ನಮಗೆ ಕಾಲುವೆಯಾಚೆ ಹೋಗಲು ಮೊದಲಿನಿಂದಲೂ ಮನಸ್ಸಿರಲಿಲ್ಲ. ಅಲ್ಲಿನವರಿಗೆ ಮನೆ ಬಾಡಿಗೆಗೆ ಕೊಡುತ್ತಿರಲಿಲ್ಲ, ಕೊಡದಿರುವುದಕ್ಕೆ ಕಾರಣ ಹೇಳಲು ನಾಲಿಗೆ ತಡವರಿಸುತ್ತಿತ್ತು. ಆ ತಡವರಿಕೆಯೇ ನಮ್ಮಲ್ಲಿ ಉಳಿದಿದ್ದ ಮರ್ಯಾದೆ. ಕಥೆ ನಮಗೆ ಒಂದು ಪದ ಕೊಟ್ಟಿತು, ಅದನ್ನು ನಗುತ್ತಾ ಹೇಳಬಹುದಾಗಿತ್ತು. 'ಮಸಿಯವರು' ಎಂದರೆ ಬೈಗುಳವಲ್ಲ, ಬರೀ ಪುಸ್ತಕದ ಮಾತು! ಬೇಸರಪಟ್ಟುಕೊಂಡವರಿಗೆ ತಮಾಷೆ ಅರ್ಥವಾಗುವುದಿಲ್ಲ, ಅಷ್ಟೇ. ಪದ ಆಟದ ಮೈದಾನದಲ್ಲಿ ಹುಟ್ಟಿ, ಅಂಗಡಿಯ ಗಲ್ಲಾದ ಹಿಂದೆ ಬೆಳೆದು, ಚುನಾವಣೆಯ ಪೋಸ್ಟರಿನಲ್ಲಿ ಮೀಸೆ ತಿರುವಿತು. ಪೋಸ್ಟರಿನಲ್ಲಿ ದೀಪ ಹಿಡಿದು ನಿಂತಿದ್ದವರು ನೀವು. ನಿಮ್ಮ ಪ್ರತಿಭೆ ಎಂದರೆ, ಎಲ್ಲರೂ ಆಡುತ್ತಿದ್ದ ಮಾತಿಗೆ ಕಡತದ ಸಂಖ್ಯೆ ಕೊಟ್ಟದ್ದು. ಸುತ್ತೋಲೆಯಲ್ಲಿ 'ಜೌಗು ವಲಯ' ಎಂದು ಬರೆದಿರಿ. ನಾಗರಿಕ ಸಹಾಯ ದಳದ ಸ್ವಯಂಸೇವಕರಿಗೆ ದೀಪಪಾಲರ ಬೂದು ನಿಲುವಂಗಿ ತೊಡಿಸಿದಿರಿ. ಅವರೇನು ಹುಡುಗರಲ್ಲ. ಔಷಧದಂಗಡಿಯ ಲೆಕ್ಕಿಗ, ನಿವೃತ್ತ ವ್ಯಾಯಾಮ ಮೇಷ್ಟ್ರು, ಇಬ್ಬರು ಮಕ್ಕಳ ತಂದೆಯಾದ ವಿಮಾ ಏಜೆಂಟು. ಐವತ್ತು ದಾಟಿದ ಗಂಡಸರಿಗೆ ಹೀಗೆ ಒಂದು ಸೇತುವೆ ಕಾಯಲು ಸಿಕ್ಕರೆ ಎಷ್ಟು ಸಂತೋಷವಾಗುತ್ತದೆ ಎಂಬುದನ್ನು ನೀವು ಹೇಗೆ ಕಂಡುಹಿಡಿದಿರಿ?

ಆ ನಿಲುವಂಗಿಗಳನ್ನು ಹೊಲಿದವಳು ನನ್ನ ಅಕ್ಕ. ನಲವತ್ತು ಅಂಗಿ. ಗೇಟು ಬರುವುದಕ್ಕೆ ಮುಂಚೆ, ಯಾವುದೋ ಮೆರವಣಿಗೆಗೆ ಎಂದು ಹೇಳಿ ಬಟ್ಟೆ ತಂದುಕೊಟ್ಟಿದ್ದರು. ಅಕ್ಕ ಹಳೆಯ ಪೇಪರಿನ ಮೇಲೆ ಅಳತೆ ಗುರುತು ಹಾಕಿ ಕತ್ತರಿಸುತ್ತಾಳೆ, ಕತ್ತರಿಸುವ ಮುಂಚೆ ಆ ಪೇಪರನ್ನು ಪೂರ್ತಿ ಓದುತ್ತಾಳೆ. ನಾನು ಆ ವಾರ ಭಾವನ ಹತ್ತಿರ, ನಕ್ಷೆಯ ವಿಷಯ ಎಲ್ಲರಿಗೂ ಹೇಳಿಬಿಡುತ್ತೇನೆ ಎಂದೆ. ಅವರು ಯಂತ್ರದ ಸದ್ದು ಕೇಳಿಸುವ ಕಡೆ ಒಮ್ಮೆ ನೋಡಿ ದನಿ ತಗ್ಗಿಸಿದರು. "ಸುಮ್ನಿರಿ. ಈಗ ಹೇಳಿದ್ರೆ ಎರಡೂ ದಡದೋರು ಒಟ್ಟಿಗೆ ಬಂದು ನಿಮ್ಮನ್ನ ಹೊಡೀತಾರೆ. ಇದು ಕಥೆ ಹುಚ್ಚು. ಇನ್ನೊಂದು ಕಥೆ ಬಂದ್ರೆ ಇಳಿಯತ್ತೆ. ನಿಮ್ಮ ಅಕ್ಕನಿಗಂತೂ ಬೇಡವೇ ಬೇಡ. ನಿಮ್ಮನ್ನ ಮನೆಗೇ ಸೇರಿಸಲ್ಲ." ನನಗೆ ಬೇಕಾಗಿದ್ದ ಸಲಹೆ ಅದೇ. ಸುಮ್ಮನಿದ್ದೆ.

ಗೇಟು ಬಂದ ಮೇಲೆ ಒಂದು ದಿನ, ಮಧ್ಯಾಹ್ನ ಹನ್ನೆರಡೂವರೆ. ಭಾವನಿಗೆ ಎದೆನೋವು. ಅಕ್ಕ ಆಟೋ ಹಿಡಿದಳು. ಆಸ್ಪತ್ರೆ ಈಚೆ ದಡದಲ್ಲಿದೆ, ಗೇಟಿನಿಂದ ಆರು ನಿಮಿಷದ ದಾರಿ. ನಾನು ಅಲ್ಲಿರಲಿಲ್ಲ. ಅಕ್ಕನಿಂದ ಸ್ವಲ್ಪ, ಆಟೋದವನಿಂದ ಸ್ವಲ್ಪ ಕೇಳಿ ಜೋಡಿಸಿದ್ದೇನೆ.

ವ್ಯಾಯಾಮ ಮೇಷ್ಟ್ರು ಆಟೋದೊಳಗೆ ಬಗ್ಗಿ, ಪುಸ್ತಕದಲ್ಲಿ ದೀಪಪಾಲರು ಕೇಳುವ ಪ್ರಶ್ನೆಯನ್ನೇ ಕೇಳಿದರು. "ನೆರಳು ಯಾವ ಕಡೆ?" 'ದೀಪ ಮುಂದೆ, ನೆರಳು ಹಿಂದೆ' ಎನ್ನಬೇಕು, ಅದು ಎಲ್ಲರಿಗೂ ಗೊತ್ತು. ಭಾವ ನೋವಿನಲ್ಲೂ, "ನಡು ಮಧ್ಯಾಹ್ನ ಮೇಷ್ಟ್ರೇ, ಕಾಲಡಿ ಇದೆ ನೋಡ್ಕೊಳ್ಳಿ," ಎಂದರಂತೆ. ಮೇಷ್ಟ್ರಿಗೆ ಅದು ಹಿಡಿಸಲಿಲ್ಲ. ಆಚೆಯವರು ಗೇಟು ದಾಟಲು ತೋರಿಸಬೇಕಾದ ಕಾರ್ಡು ಕೇಳಿದರು. ಕಾರ್ಡು ಹೊಲಿಗೆ ಯಂತ್ರದ ಡ್ರಾಯರಿನಲ್ಲಿತ್ತು.

"ಸ್ವಾಮಿ, ಬಿಡಿ, ಎದೆನೋವು ಅಂತಿದಾರೆ. ಆಮೇಲೆ ತಂದು ತೋರಿಸ್ತೀನಿ," ಎಂದಳು ಅಕ್ಕ.

"ಎಲ್ಲರೂ ಹಾಗೇ ಅಂತಾರಮ್ಮ."

"ನೀವು ಹಾಕ್ಕೊಂಡಿರೋ ಅಂಗಿ ಹೊಲಿದೋಳು ನಾನೇ ಅಲ್ವಾ? ನಿಮ್ಮ ಕತ್ತು ಹದಿನೇಳು ಇಂಚು. ಕಾಲರ್ ಬಿಗಿಯಾಯ್ತು ಅಂತ ಎರಡು ಸಲ ಬಿಚ್ಚಿಸಿದ್ರಿ. ನಾನು ಯಾರು ಅಂತ ನಿಮಗೆ ಗೊತ್ತಿಲ್ವಾ?"

"ಗೊತ್ತು ಕಣಮ್ಮ. ನಿಮ್ಮ ಮೇಲೆ ನಮಗೇನೂ ಇಲ್ಲ. ರೂಲು ರೂಲೇ."

ಅಕ್ಕ ಮನೆಗೆ ಓಡಿ, ಕಾರ್ಡು ತಂದಳು. ಹೆಸರು, ಕಾರಣ, ಹೊತ್ತು ಎಲ್ಲ ರಿಜಿಸ್ಟರಿನಲ್ಲಿ ಬರೆಯಬೇಕಿತ್ತು. ಒಟ್ಟು ಮೂವತ್ತೈದು ನಿಮಿಷ. ಗೇಟು ತೆರೆಯಿತು, ಆಟೋದವನು ಎಂಜಿನ್ ಶುರು ಮಾಡಿ ಕನ್ನಡಿಯಲ್ಲಿ ನೋಡಿದ, ಮತ್ತೆ ಎಂಜಿನ್ ನಿಲ್ಲಿಸಿದ. ಈಗಲೂ ಆ ರಿಜಿಸ್ಟರಿನಲ್ಲಿ ನನ್ನ ಭಾವ ಸೇತುವೆ ದಾಟಿದ್ದಾರೆ. ಇನ್ನೊಂದು ಮಾತನ್ನೂ ಆಟೋದವನು ಹೇಳಿದ, ಅದನ್ನು ಕೊನೆಯಲ್ಲಿ ಬರೆಯುತ್ತೇನೆ.

ನೋಟೀಸು ಬಂದ ಮೇಲೆ ನಿಮ್ಮನ್ನು ಕಾಣಲು ಮೂರು ಸಲ ಬಂದೆ. ಮೂರನೆಯ ಸಲ ನಿಮ್ಮ ಕೋಣೆಯೊಳಗೆ ಕೂರಿಸಿದರು, ನೀವು ಬರಲಿಲ್ಲ. ಗೋಡೆಯ ಮೇಲೆ ಪುಸ್ತಕಕ್ಕೆ ನಾನು ಬರೆದ ನಕ್ಷೆ, ಬಾಗಿಲಿನಷ್ಟು ದೊಡ್ಡದಾಗಿ, ಚೌಕಟ್ಟು ಹಾಕಿಸಿದ್ದೀರಿ. ನನ್ನ ಓಣಿಗೆ ಕೆಂಪು ಶಾಯಿಯ ಸುತ್ತು. ಕಪಾಟಿನಲ್ಲಿ ಆ ಕಾದಂಬರಿಯ ಮೂರು ಸಂಪುಟ. ಮೊದಲನೆಯದು ಬೆನ್ನು ಮುರಿದು ಹೋಗುವಷ್ಟು ಓದಿದ್ದೀರಿ, ಮೂರನೆಯದರ ಪ್ಲಾಸ್ಟಿಕ್ ಹೊದಿಕೆಯನ್ನೂ ಹರಿದಿಲ್ಲ. ನೀವೊಬ್ಬರೇ ಅಲ್ಲ, ಊರಿನಲ್ಲಿ ಅದನ್ನು ಓದಿದವರು ಕಡಿಮೆ. ಬರೆದಾಕೆ ಆ ಬೇಸರಕ್ಕೋ ಏನೋ ವರ್ಗ ಮಾಡಿಸಿಕೊಂಡು ಊರು ಬಿಟ್ಟರು. ಹಾಗಾಗಿ ಹೇಳಿಬಿಡುತ್ತೇನೆ. ಮೂರನೆಯ ಸಂಪುಟದಲ್ಲಿ ದೀಪಪಾಲರಿಗೆ ತಿಳಿಯುತ್ತದೆ, ನಗರದ ದೀಪಗಳಿಗೆ ಎಣ್ಣೆ ಬರುತ್ತಿದ್ದದ್ದು ಜೌಗಿನಿಂದಲೇ, ಮಸಿಯವರ ಮೈಗೆ ಹತ್ತಿದ ಮಸಿ ಆ ಎಣ್ಣೆ ಕಾಯಿಸಿದ ಒಲೆಯದು. ಗೇಟನ್ನು ದೀಪಪಾಲರೇ ಕಿತ್ತು ನದಿಗೆ ಎಸೆಯುತ್ತಾರೆ. ಒಂದು ಕಥೆಯಿಂದ ಊರು ಆಳುವುದೇ ಆದರೆ ಕೊನೆಯವರೆಗಾದರೂ ಓದಬೇಡವೇ? ಅಥವಾ ಮುಗಿಯುವ ಕಥೆಯಿಂದ ನಿಮಗೆ ಉಪಯೋಗವಿಲ್ಲವೇ?

ನಿಮ್ಮ ನೋಟೀಸಿನಲ್ಲಿ ತಪ್ಪು ಹುಡುಕುವುದು ಕಷ್ಟ. ಸರ್ಕಾರಿ ನಕ್ಷೆಯಲ್ಲಿ ಓಣಿಯಿದೆ, ಸ್ಥಳದಲ್ಲಿಲ್ಲ, ಆದ್ದರಿಂದ ಒತ್ತುವರಿ. ನಾನೇ ನಿಮ್ಮ ಜಾಗದಲ್ಲಿದ್ದರೂ ಹಾಗೇ ಬರೆಯುತ್ತಿದ್ದೆನೇನೋ. ಕಲ್ಪನೆಯ ಪುಸ್ತಕದಲ್ಲಿ ನಿಜವಾದ ಊರು ಸಿಕ್ಕಿಕೊಂಡಿತು, ನಿಜದ ನಕ್ಷೆಯಲ್ಲಿ ಕಲ್ಪನೆಯ ಓಣಿ ಸಿಕ್ಕಿಕೊಂಡಿತು. ಎರಡನ್ನೂ ಮಾಡಿದ್ದು ಒಂದೇ ಕೈ. ಆ ಕೈ ಇಷ್ಟು ದಿನ ಜೇಬಿನಲ್ಲಿತ್ತು.

ಆದ್ದರಿಂದ ಪೇಪರಿನ ಮೂಲಕ ನನ್ನ ಬೇಡಿಕೆ. ಈ ಪತ್ರವನ್ನು ತಪ್ಪೊಪ್ಪಿಗೆ ಎಂದು ದಾಖಲಿಸಿಕೊಳ್ಳಿ. ಆ ಹಾಳೆಯಿಂದ ಓಣಿಯನ್ನು ಹೊಡೆದುಹಾಕಿ; ಹೊಡೆದುಹಾಕಿದ ಗೆರೆಯ ಪಕ್ಕ ಸಹಿ ಮಾಡಲು ನಾನು ಬರುತ್ತೇನೆ, ಕೆಲಸ ಹೋಗುವುದಾದರೆ ಹೋಗಲಿ. ಅಕ್ಕನ ಮನೆಯ ನೋಟೀಸನ್ನು ವಾಪಸು ತೆಗೆದುಕೊಳ್ಳಿ. ಗೇಟು ಕೀಳಿಸಿ. ಕೀಳಿಸುವಾಗ ರಿಬ್ಬನ್ ಬೇಡ, ಮೈಕು ಬೇಡ, ದಯವಿಟ್ಟು ಯಾವ ಪುಸ್ತಕದ ಮಾತನ್ನೂ ಆಡಬೇಡಿ. ರಿಜಿಸ್ಟರಿನಲ್ಲಿ ಆ ದಿನದ ಪುಟ ತೆರೆದು, ನನ್ನ ಭಾವನ ಹೆಸರಿನ ಎದುರು 'ದಾಟಲಿಲ್ಲ' ಎಂದು ತಿದ್ದಿ.

ಆಟೋದವನು ಹೇಳಿದ್ದು ಇದು. ಅಕ್ಕ ಕಾರ್ಡು ತಂದು ಪಕ್ಕದಲ್ಲಿ ಕೂತ ಮೇಲೆ, ರಿಜಿಸ್ಟರು ಬರೆದು ಮುಗಿಯುವವರೆಗೆ, ಭಾವ ಅವಳ ಕೈ ಹಿಡಿದು ಏನೋ ಹೇಳುತ್ತಲೇ ಇದ್ದರಂತೆ. "ಓಣಿ, ಓಣಿ ಅಂತಿದ್ರು ಸರ್. ಅಮ್ಮ ಆಯ್ತು ಆಯ್ತು, ಮಾತಾಡ್ಬೇಡಿ ಅಂತಿದ್ರು." ಅಕ್ಕ ಆ ವಿಷಯ ಎತ್ತಿಲ್ಲ. ಹೋದರೆ ಕುರ್ಚಿ ಎಳೆದು ಹಾಕುತ್ತಾಳೆ. ಯಂತ್ರ ತುಳಿಯುತ್ತಾಳೆ. ನನ್ನ ಷರಟಿನ ಗುಂಡಿ ಸಡಿಲವಾಗಿದ್ದರೆ ನಾನು ತೊಟ್ಟಿರುವಂತೆಯೇ ಹೊಲಿದು, ದಾರವನ್ನು ಹಲ್ಲಿನಲ್ಲಿ ಕಚ್ಚಿ ಕತ್ತರಿಸುತ್ತಾಳೆ, ಮುಖ ನೋಡುವುದಿಲ್ಲ. ನಾಳೆ ಈ ಪತ್ರ ಅಚ್ಚಾದ ಪೇಪರು ಅವಳ ಮೇಜಿಗೂ ಹೋಗುತ್ತದೆ. ತೋಳಿಗೋ ಕಾಲರಿಗೋ ಗುರುತು ಹಾಕುವ ಮುಂಚೆ ಅವಳು ಇದನ್ನು ಪೂರ್ತಿ ಓದುತ್ತಾಳೆ. ಅವಳಿಗೆ ಇದು ಹೊಸ ವಿಷಯವೋ, ಅಥವಾ ಇಷ್ಟು ದಿನ ನನ್ನ ಬಾಯಿಂದ ಬರಲಿ ಎಂದು ಕಾದಿದ್ದಾಳೋ, ಅದೊಂದು ತಿಳಿದರೆ ಸಾಕಿತ್ತು. ಆ ಆಟೋದಲ್ಲಿ ಅವಳಿಗೆ ಹೇಳಿಬಿಟ್ಟಿರಾ, ಭಾವ?

ಇಂತಿ,
ಎರಡು ಗೆರೆಯನ್ನು ಎರಡು ನಕ್ಷೆಯಲ್ಲಿ ಎಳೆದು ಹನ್ನೊಂದು ವರ್ಷ ಸುಮ್ಮನಿದ್ದ
ನಿಮ್ಮದೇ ಸರ್ಕಾರದ ಒಬ್ಬ ನಕ್ಷೆಗಾರ