ಬೆಟ್ಟದ ತುದಿಯಲ್ಲಿ ಬಿಚ್ಚಿದ ಶೂ

ವೈಟ್‌ಫೀಲ್ಡಿನ ವನಜಾ ಚಿಕ್ಕಮ್ಮನಿಗೆ, ಮಂಜು ಮುಚ್ಚಿ ನಿಜಕ್ಕೂ ವೈಟ್ ಆಗಿರುವ ಸ್ಕಾಟ್ಲೆಂಡಿನ ಫೀಲ್ಡಿನಿಂದ ನಮಸ್ಕಾರ.

ನಾನು ಸೇರಿರುವ, ಹಗಲೂ ರಾತ್ರಿ ನಡೆಯುವ ಈ ದೋಣಿ-ಓಟದ ಪಂದ್ಯದಲ್ಲಿ ತಂಡದ ಹಾಯಿದೋಣಿ ದಡ ಸೇರಿದ ಮೇಲೆ ನಾನೂ ಸಿಂಗಸಂದ್ರದ ಚಿರಂಜೀವಿಯೂ ಬೆಟ್ಟದ ತುದಿಗೆ ಓಡಿ, ಕಡಲ ನೀರು ಇಳಿಯುವುದರೊಳಗೆ ಮರಳಬೇಕು. ತುದಿಯಲ್ಲೊಂದು ಕಲ್ಲುಗುಪ್ಪೆ ಕಂಡಿತು. ನಿಮ್ಮ ಕೈಹಿಡಿದು ಬೆಟ್ಟ ಹತ್ತುತ್ತಿದ್ದ ಶ್ರಾವಣ ಶನಿವಾರಗಳು ನೆನಪಾಗಿ, ಶೂ ಬಿಚ್ಚಿ ಮೂರು ಸುತ್ತು ಬಂದುಬಿಟ್ಟೆ.

“ಮಗಾ, ಇದು ಆಂಜನೇಯನ ಗುಡಿ ಅಲ್ಲ ಕಣೋ!” ಎಂದು ಚಿರಂಜೀವಿ ಕಿರುಚಿದ.

ಮರಗಟ್ಟಿದ ಬೆರಳಿಗೆ ಲೇಸು ಕಟ್ಟಲಾಗಲಿಲ್ಲ; ಬೈಯುತ್ತ ಅವನೇ ಕಟ್ಟಿದ. ನಾವು ಇಳಿಯುವಷ್ಟರಲ್ಲಿ ನೀರೂ ಇಳಿದು, ದೋಣಿ ಅಂದಿನ ವರ್ತೂರು ಕೆರೆಯ ಎಮ್ಮೆಯಂತೆ ಕೆಸರಲ್ಲಿ ಕೂತಿತ್ತು. ಮೊದಲ ಸ್ಥಾನ ಹೋಯಿತು. ಕಾಲಿಗೆ ಬೊಬ್ಬೆ, ಹೊಟ್ಟೆ ಸರಿಯಿದೆ.

“ಸುತ್ತು ಹಾಕಿ ಏನ್ ಬೇಡ್ಕೊಂಡ್ಯೋ?” ಎಂದ ಚಿರಂಜೀವಿ.

“ಸ್ವಲ್ಪ ನಿದ್ದೆ” ಎಂದೆ.

ಈಗ ನೀರು ಏರುವುದನ್ನು ಕಾಯುತ್ತ ಇಡೀ ತಂಡ ಗೊರಕೆ ಹೊಡೆಯುತ್ತಿದೆ.

ನಿಮ್ಮ ಮುನಿರಾಜ