ಒಂದೇ ಹಿಡಿ ಮೆಣಸಿನಕಾಯಿ

ವಿಶಾಖಪಟ್ಟಣ, ಭಾನುವಾರ

ಅಜ್ಜೀ,

ಫೋನಲ್ಲಿ ನಿನಗೆ ಸರಿಯಾಗಿ ಕೇಳಿಸಲ್ಲ, ಅದಕ್ಕೇ ಈ ಕಾರ್ಡು. ಹೋದ ವಾರ ಒಂದು ಸಂಜೆ ನಮ್ಮನೆಯವರು ತಾರಸಿ ಮೇಲೆ ಬೆಡ್‌ಶೀಟ್ ಕಟ್ಟಿ, ನೂರು ವರ್ಷಕ್ಕೂ ಹಳೆಯ ಫ್ರೆಂಚ್ ಮೂಕಿ ಚಿತ್ರ ತೋರಿಸಿದರು. ಒಬ್ಬ ತುಂಟ ಪೋರ ಪೊಲೀಸಿನವನ ಟೋಪಿಗೆ ಹಿಟ್ಟು ತುಂಬಿಟ್ಟು, ಕೊನೆಗೆ ಹೊಟ್ಟೆ ಹಿಡ್ಕೊಂಡು ನಗ್ತಾನೆ. ನಾವೂ ಬಿದ್ದು ಬಿದ್ದು ನಕ್ಕೆವು. ನಗ್ತಾ ನಗ್ತಾ ನನಗೆ ಮತ್ತೆ ಅದೇ ಕೆಮ್ಮು ಹತ್ತಿಕೊಂಡಿತು.

ಅತ್ತೆ ಉಪ್ಪು, ಒಣಮೆಣಸಿನಕಾಯಿ ತಂದು ನನಗೆ ನಿವಾಳಿಸಿದರು. ಆಮೇಲೆ, "ಅಯ್ಯೋ ಪಾಪಂ, ಇಷ್ಟು ಜನರ ದಿಷ್ಟಿ ತಾಗುತ್ತಮ್ಮಾ ಆ ಮಗೂಗೆ" ಅಂತ ಅದೇ ಹಿಡಿಯನ್ನ ಬೆಡ್‌ಶೀಟಿನ ಮೇಲಿನ ಹುಡುಗನಿಗೂ ನಿವಾಳಿಸಿ ಕೆಂಡಕ್ಕೆ ಹಾಕಿದರು. ಒಬ್ಬರಿಗೆ ತೆಗೆದಿದ್ದನ್ನ ಇನ್ನೊಬ್ಬರಿಗೆ ನಿವಾಳಿಸಬಾರದು ಅಂತ ನೀನು ಬೈತಿದ್ದೆಯಲ್ಲ, ಅದು ನನಗೆ ನೆನಪಾಗುವಷ್ಟರಲ್ಲಿ ಮೆಣಸಿನಕಾಯಿ ಕರಿಯಾಗಿತ್ತು. ಒಂಚೂರೂ ಘಾಟು ಬರಲಿಲ್ಲ.

ಪಕ್ಕದ ಮನೆ ಮಕ್ಕಳು ಹಠ ಮಾಡಿದ್ದಕ್ಕೆ ಚಿತ್ರವನ್ನ ಮತ್ತೆ ಹಾಕಿದರು. ಟೋಪಿ, ಹಿಟ್ಟು, ಪೊಲೀಸು ಎಲ್ಲ ಹಾಗೇ ಇತ್ತು. ಕೊನೆಯಲ್ಲಿ ಮಾತ್ರ ಆ ಹುಡುಗ ನಗಲಿಲ್ಲ. ಬಾಯಿಗೆ ಕೈ ಅಡ್ಡ ಹಿಡಿದು, ನನ್ನನ್ನೇ ನೋಡ್ತಾ, ಸದ್ದಿಲ್ಲದೆ ಕೆಮ್ಮಿದ. ಬಂದರಿನಲ್ಲಿ ಹಡಗೊಂದು ಕೂಗಿತು. ಮಕ್ಕಳು ಚಪ್ಪಾಳೆ ಹೊಡೆದರು. ಆಮೇಲೆ ಎಷ್ಟು ಸಲ ಹಾಕಿ ನೋಡಿದರೂ ಕೆಮ್ಮುತ್ತಲೇ ಇದ್ದಾನೆ, ದಿನೇ ದಿನೇ ಸೊರಗಿದ ಹಾಗೂ ಕಾಣ್ತಾನೆ.

ನನ್ನ ಕೆಮ್ಮು ಅವತ್ತೇ ನಿಂತಿತು, ಚಿಂತೆ ಮಾಡಬೇಡ. ಕಾರ್ಡಲ್ಲಿ ಜಾಗ ಮುಗೀತಾ ಬಂತು. ನಿನ್ನ ಕಷಾಯದ ಪುಡಿ ಬೇಗ ಕಳಿಸು. ನನಗಲ್ಲ.

ಸಿಂಚನ